ಹೆತ್ತ ಕೈ ಮುಟ್ಟದ ಬರೆ

ಗುರುವಾರ ನಮ್ಮ ಮನೆಯಲ್ಲಿ ಒಲೆ ಹೊತ್ತುತ್ತಿದ್ದುದು ಮಧ್ಯಾಹ್ನದ ಮೇಲೆ. ಅಲ್ಲಿಯವರೆಗೆ ಅವ್ವ ಒಂದು ಗುಟುಕು ಚಹಾ ಕೂಡ ಕುಡಿಯುತ್ತಿರಲಿಲ್ಲ. ಲಿಂಗಪೂಜೆ ಮುಗಿಸಿ, ಹಣೆಗೆ ವಿಭೂತಿ ಹಚ್ಚಿಕೊಂಡು, ಪಡಸಾಲೆಯ ಕಂಬಕ್ಕೆ ಬೆನ್ನು ಕೊಟ್ಟು ಕೂಡುತ್ತಿದ್ದಳು. ಅಷ್ಟರಲ್ಲಿ ಅಂಗಳದಲ್ಲಿ ಹತ್ತು ಹನ್ನೆರಡು ಜನ ಸೇರಿರುತ್ತಿದ್ದರು. ಎಲ್ಲರ ಕಣ್ಣೂ ಹಳದಿ. ನಮ್ಮದು ಕಾಮಣಿ ಔಷಧದ ಮನೆ. ಕಾಮಾಲೆಗೆ ನಮ್ಮ ಕಡೆ ಕಾಮಣಿ ಎನ್ನುತ್ತಾರೆ.

ನರೋಣಾದಿಂದ ಒಂದು ತಾಸು ನಡೆದರೆ ನಮ್ಮ ಊರು. ಸಣ್ಣ ಊರು. ಆದರೂ ಆಳಂದದಿಂದ, ಅಫಜಲಪುರದಿಂದ, ಭೀಮೆಯ ಆಚೆ ಜೇವರ್ಗಿ ಕಡೆಯಿಂದ ಕೂಡ ಜನ ಹುಡುಕಿಕೊಂಡು ಬರುತ್ತಿದ್ದರು. ಔಷಧ ಅಜ್ಜಿಯಿಂದ ಅವ್ವನಿಗೆ ಬಂದದ್ದು. ಬೇಲಿಯ ಒಂದು ಎಲೆಯ ರಸವನ್ನು ಮಜ್ಜಿಗೆಯಲ್ಲಿ ಕಲಸಿ ಖಾಲಿ ಹೊಟ್ಟೆಗೆ ಕುಡಿಸುತ್ತಿದ್ದಳು. ಆಮೇಲೆ ಒಂದು ಮರದ ತೊಗಟೆಯ ರಸವನ್ನು ರೋಗಿಯ ಅಂಗೈಗಳಿಗೆ ತಿಕ್ಕಿ, ಮೇಲಿನಿಂದ ಸುಣ್ಣದ ತಿಳಿನೀರು ಸುರಿಯುತ್ತಿದ್ದಳು. ಕೈ ತೊಳೆದ ನೀರು ಕೆಳಗಿನ ತಾಟಿನಲ್ಲಿ ಅರಿಶಿನ ಕದಡಿದಂತೆ ಹಳದಿಯಾಗಿ ಬೀಳುತ್ತಿತ್ತು. ಅದನ್ನು ರೋಗಿಗೆ ತೋರಿಸಿ, "ನೋಡು, ಹೊಂಟತು ನಿನ್ನ ಕಾಮಣಿ" ಎನ್ನುತ್ತಿದ್ದಳು. ನೋಡಿದವರ ಮುಖ ಅಲ್ಲಿಯೇ ಅರ್ಧ ತಿಳಿಯಾಗುತ್ತಿತ್ತು. ಕೊನೆಗೆ ಬರೆ. ಕೆಂಡದಲ್ಲಿ ಕಾಸಿದ ತಾಮ್ರದ ಕಡ್ಡಿಯನ್ನು ಬಲಗೈಯ ಮಣಿಕಟ್ಟಿನಿಂದ ನಾಲ್ಕು ಬೆರಳು ಮೇಲೆ ಒಮ್ಮೆ ಒತ್ತಿ ತೆಗೆಯುವುದು. ಒಂಬತ್ತು ದಿನ ಉಪ್ಪಿಲ್ಲ, ಎಣ್ಣೆಯಿಲ್ಲ, ಜೋಳದ ನುಚ್ಚು ಮತ್ತು ಮಜ್ಜಿಗೆ.

ಅವ್ವ ಯಾರಿಂದಲೂ ಏನನ್ನೂ ತೆಗೆದುಕೊಳ್ಳುತ್ತಿರಲಿಲ್ಲ. ತೆಂಗಿನಕಾಯಿ ತಂದರೆ ಒಡೆದು ಅವರಿಗೇ ಹಂಚುತ್ತಿದ್ದಳು. ಆದರೆ ಒಂದು ಮಾತನ್ನು ಮಾತ್ರ ಎಲ್ಲರನ್ನೂ ಕೇಳುತ್ತಿದ್ದಳು. ಸೂಜಿ ಮಾಡಿಸಿಕೊಂಡಿದ್ದೀರಾ ಎಂದು. ಹೌದು ಎಂದರೆ ಎದ್ದು ಹೋಗಲು ಹೇಳುತ್ತಿದ್ದಳು. ಸೂಜಿ ಹೊಕ್ಕ ಮೈಗೆ ಈ ಔಷಧ ಹತ್ತುವುದಿಲ್ಲ ಎಂಬುದು ಅಜ್ಜಿ ಹೇಳಿದ್ದ ಕಟ್ಟಳೆ. ಎಷ್ಟೋ ಜನ ಡಾಕ್ಟರ ಬಾಗಿಲವರೆಗೆ ಹೋಗಿ, ಇದೇ ಹೆದರಿಕೆಯಿಂದ ಹಿಂದಿರುಗಿ ನಮ್ಮ ಅಂಗಳಕ್ಕೆ ಬಂದು ನಿಂತಿದ್ದರು. ಅವ್ವನಿಗೆ ಅದೊಂದು ಹೆಮ್ಮೆ.

ನಾನು ಮದುವೆಯಾಗಿ ಮೂರು ವರ್ಷಕ್ಕೆ ಗಂಡ ತೀರಿಕೊಂಡು ತವರಿಗೆ ಬಂದವಳು. ಹತ್ತನೆಯ ತರಗತಿ ಪಾಸಾಗಿದ್ದರಿಂದ ಊರಿನ ಅಂಗನವಾಡಿ ಸಿಕ್ಕಿತ್ತು. ಗುರುವಾರ ಬೆಳಗ್ಗೆ ಎಲೆ ಕಿತ್ತು ತರುವುದು, ಅಂಗಳದ ಮೂಲೆಯಲ್ಲಿ ಕೆಂಡ ಮಾಡುವುದು, ಕಡ್ಡಿ ಕಾಸಿ ಅವ್ವನ ಕೈಗೆ ಕೊಡುವುದು ನನ್ನ ಕೆಲಸ. ಅವ್ವನ ತರುವಾಯ ಔಷಧ ನನ್ನ ಕೈಗೆ ಬರುತ್ತದೆ ಎಂದು ಊರವರು ತಾವೇ ತೀರ್ಮಾನಿಸಿದ್ದರು. ಗಂಡ ಸತ್ತವಳಿಗೆ ಇಷ್ಟಾದರೂ ಇರಲಿ ಎಂಬ ದಯೆಯೂ ಅದರಲ್ಲಿತ್ತು.

ತಂಗಿ ನನಗಿಂತ ಒಂಬತ್ತು ವರ್ಷ ಚಿಕ್ಕವಳು. ಅವಳನ್ನು ಇಜೇರಿಗೆ ಕೊಟ್ಟಿದ್ದೆವು. ಆ ಸಂಬಂಧ ಬಂದದ್ದೂ ಕಾಮಣಿಯಿಂದಲೇ. ಹುಡುಗನಾಗಿದ್ದಾಗ ಆ ಅಳಿಯನಿಗೆ ಕಾಮಣಿ ಆಗಿ, ಅವನ ತಾಯಿ ಎರಡು ಬಸ್ಸು ಬದಲಿಸಿ ಮಗನನ್ನು ನಮ್ಮ ಅಂಗಳಕ್ಕೆ ಕರೆತಂದಿದ್ದಳು. ಮಗ ಚೇತರಿಸಿಕೊಂಡ. ಬದುಕಿಸಿದ ಮನೆಯ ಋಣ ಎಂದು ಆ ತಾಯಿ ಮುಂದೆ ನಮ್ಮ ಹುಡುಗಿಯನ್ನೇ ಕೇಳಿಕೊಂಡು ಬಂದಳು. ತಂಗಿ ಇದನ್ನು ಹೇಳಿಕೊಂಡು ನಗುತ್ತಿದ್ದಳು.

"ಅವರ ಕೈ ಮ್ಯಾಲಿನ ಬರಿ ನೋಡೀಯಿಲ್ಲ ಯಕ್ಕ? ದನಕ್ಕ ಗುರುತು ಹಾಕಿದಂಗ, ಅವ್ವ ಆಗಳೇ ನನ್ನ ಸಲುವಾಗಿ ಗುರುತು ಹಾಕಿ ಬಿಟ್ಟಾಳ."

ತೊಂಬತ್ತರ ದಶಕದ ನಡುವಿನ ಮಾತು ಇದು. ಮದುವೆಯಾದ ಮೊದಲ ವರ್ಷ. ಆಷಾಢದಲ್ಲಿ ಹೊಸ ಸೊಸೆ ತವರಲ್ಲಿರಬೇಕು ಎಂದು ಅವಳನ್ನು ಕರೆತಂದೆವು. ಪಂಚಮಿ ಮುಗಿಸಿಕೊಂಡು ಗಂಡನ ಜೊತೆ ಹೋಗುವವಳಿದ್ದಳು.

ನಮ್ಮಲ್ಲಿ ನಲ್ಲಿಯ ನೀರು ನಾಲ್ಕೈದು ದಿನಕ್ಕೊಮ್ಮೆ. ಆದ್ದರಿಂದ ಎಲ್ಲರ ಮನೆಯಲ್ಲೂ ಕೊಡ, ಹರವಿ, ಸಿಮೆಂಟಿನ ತೊಟ್ಟಿ ತುಂಬಿರುತ್ತಿದ್ದವು. ನಮ್ಮ ಮನೆಯಲ್ಲಿ ಇನ್ನೊಂದು ಹರವಿ ಹೆಚ್ಚು. ಒಳಕೋಣೆಯ ಬಾಗಿಲ ಹತ್ತಿರ ಮಣ್ಣಿನಲ್ಲಿ ಅರ್ಧ ಹೂತಿಟ್ಟ ದೊಡ್ಡ ಹರವಿ ಅದು. ಔಷಧದ ನೀರು. ಅಮಾವಾಸ್ಯೆಗೆ ತುಂಬಿಸಿದರೆ ಮುಂದಿನ ಅಮಾವಾಸ್ಯೆಯವರೆಗೆ ಅದರ ನೀರನ್ನು ಚೆಲ್ಲುವಂತಿಲ್ಲ, ಹರವಿಯ ಒಳಮೈಯನ್ನು ಎಂದೂ ಉಜ್ಜುವಂತಿಲ್ಲ. ಆ ನೀರಲ್ಲಿ ಸಣ್ಣ ಹುಳ ಕುಣಿಯುತ್ತಿದ್ದವು. ಅವ್ವ ಸೀರೆಯ ಸೆರಗಿನಿಂದ ಸೋಸಿ ಔಷಧಕ್ಕೆ ಬಳಸುತ್ತಿದ್ದಳು. ನಾನು ಅಂಗನವಾಡಿಯ ಗೋಡೆಗೆ ಸೊಳ್ಳೆಯ ಚಿತ್ರವಿದ್ದ ಹಾಳೆಯನ್ನು ಕೈಯಾರೆ ಅಂಟಿಸಿದ್ದೆ. ಅದರಲ್ಲಿ ಸೊಳ್ಳೆ ಗಟಾರದ ಮೇಲೆ ಕೂತಿತ್ತು. ಹಾಗಾಗಿ ಮನೆಯ ಮುಂದಿನ ಗಟಾರವನ್ನು ನಾನು ದಿನವೂ ಬಳಿಯುತ್ತಿದ್ದೆ. ಹರವಿಯ ನೀರು ತಿಳಿಯಾಗಿತ್ತು. ತಿಳಿನೀರಿನ ಮೇಲೆ ಸಂಶಯ ಯಾರಿಗೆ ಬರುತ್ತದೆ?

ಊಟ ಮಾಡಿ ತಂಗಿ ಆ ಹರವಿಯ ಪಕ್ಕದಲ್ಲೇ ಮಲಗುತ್ತಿದ್ದಳು. ಅಲ್ಲಿ ನೆಲ ತಂಪು. ಹಾಡುಹಗಲಲ್ಲಿ ಕಚ್ಚುವ ಸೊಳ್ಳೆಗಳು, ಕಾಲ ಮೇಲೆ ಬಿಳಿ ಪಟ್ಟೆಯವು. ಅವಳು ನಿದ್ದೆಗಣ್ಣಲ್ಲಿ ಹಿಮ್ಮಡಿ ಬಡಿದುಕೊಳ್ಳುವ ಸದ್ದು ಅಡುಗೆಮನೆಗೆ ಕೇಳಿಸುತ್ತಿತ್ತು. ಅಲ್ಲಿಂದ ಏಳು ಎಂದು ನಾನು ಒಮ್ಮೆಯೂ ಹೇಳಲಿಲ್ಲ.

ಆ ಮಳೆಗಾಲ ಊರಲ್ಲಿ ಮೈ ಮುರಿಯುವ ಜ್ವರ ಓಡಾಡುತ್ತಿತ್ತು. ಬಂದವರು ಆರೇಳು ದಿನ ನರಳಿ ಎದ್ದು ಹೊಲಕ್ಕೆ ಹೋಗುತ್ತಿದ್ದರು. ಪಂಚಮಿ ದಿನ ತಂಗಿ ಬೇವಿನ ಮರಕ್ಕೆ ಕಟ್ಟಿದ ಜೋಕಾಲಿಯಲ್ಲಿ ನಿಂತು ಜೀಕಿದಳು. ಅದಾಗಿ ಮೂರನೆಯ ದಿನ, ಶುಕ್ರವಾರ, ಅವಳಿಗೆ ಜ್ವರ ಬಂತು. ಕಣ್ಣುಗುಡ್ಡೆಯ ಹಿಂದೆ ನೋವು, ಸೊಂಟ ಬೀಳುವಂಥ ನೋವು. ನಾನು ಅಂಗಡಿಯಿಂದ ಗುಳಿಗೆ ತಂದೆ. ಜ್ವರದ್ದು ಒಂದು, ಮೈಕೈ ನೋವಿನದು ಒಂದು. ಇಳಿಯದಿದ್ದಾಗ ಎರಡೆರಡು ಕೊಟ್ಟೆ. ಅವಳು ವಾಂತಿ ಮಾಡಿಕೊಂಡರೆ, ಗುಳಿಗೆ ಹೊರಗೆ ಬಂದಿರಬೇಕೆಂದು ಮತ್ತೆ ಕೊಟ್ಟೆ. ನಾಲ್ಕು ದಿನ ಹೀಗೆ ನಡೆಯಿತು.

ಮಂಗಳವಾರ ಜ್ವರ ಬಿಟ್ಟಿತು. ಅವ್ವ ಅವಳ ತಲೆ ಬಾಚಿ ಹೆರಳು ಹಾಕಿದಳು. ಮನೆಯಲ್ಲಿ ಸಮಾಧಾನವಾಯಿತು. ಆದರೆ ಜ್ವರ ಬಿಟ್ಟ ಮೈ ತಣ್ಣಗೆ, ಬೆವರಿನಿಂದ ಜಿಗುಟಾಗಿತ್ತು. ಬಲಗಡೆ ಪಕ್ಕೆಲುಬಿನ ಕೆಳಗೆ ಯಾರೋ ಒಳಗಿನಿಂದ ಒತ್ತಿದಂತೆ ನೋಯುತ್ತದೆ ಎಂದಳು. ಜೋಳದ ಗಂಜಿಯನ್ನೂ ಹೊಟ್ಟೆ ಹಿಡಿಯಲಿಲ್ಲ. ಬುಧವಾರ ಬೆಳಗ್ಗೆ ಬಾಗಿಲಿಗೆ ಕೂಡ್ರಿಸಿ ಮುಖ ತೊಳೆಸುವಾಗ ಬಿಸಿಲು ಅವಳ ಕಣ್ಣಿಗೆ ಬಿತ್ತು. ಹಳದಿ. ಅಂಗಳದಲ್ಲಿ ನೂರಾರು ಕಣ್ಣುಗಳಲ್ಲಿ ಕಂಡಿದ್ದ ಬಣ್ಣವೇ ಅದು.

ನಾನು ಹೆದರಿದೆ. ಅವ್ವ ಹೆದರಲಿಲ್ಲ. ಅವಳ ಮುಖದಲ್ಲಿ ಒಂದು ಗೆಲುವು ಬಂತು ಎಂದು ಬರೆದರೆ ಮಗಳಾದ ನಾನು ಕೆಟ್ಟವಳೆನಿಸುತ್ತೇನೆ. ಆದರೂ ಬಂತು. ಅಷ್ಟು ದಿನ ಏನೆಂದು ತಿಳಿಯದಿದ್ದ ರೋಗ ಈಗ ಅವಳ ಸ್ವಂತ ರೋಗವಾಗಿತ್ತು.

"ಕಾಮಣಿ ಅದ, ಮತ್ತೇನಿಲ್ಲ. ನಾಳೆ ಗುರುವಾರ, ತಾನ ಕೂಡಿ ಬಂದದ" ಎಂದಳು.

ಗುಲಬರ್ಗಾಕ್ಕೆ ಒಯ್ಯೋಣ ಎಂದೆ. ಕಡಗಂಚಿಯವರೆಗೆ ಜೀಪು ಸಿಗುತ್ತಿತ್ತು, ಅಲ್ಲಿಂದ ಬಸ್ಸು. ಹೊತ್ತು ನೆತ್ತಿಗೇರುವುದರೊಳಗೆ ದವಾಖಾನೆ ಮುಟ್ಟಬಹುದಿತ್ತು. ಒಯ್ಯುವುದೋ ಬಿಡುವುದೋ, ಇಷ್ಟೇ ಪ್ರಶ್ನೆ. ತಂಗಿಯ ಜೀವ ಅದರ ಮೇಲೆ ನಿಂತಿತ್ತು ಎಂದು ಆಗ ಯಾರಿಗೂ ಅನಿಸಿರಲಿಲ್ಲ. ನನಗೂ ಪೂರ್ತಿ ಅನಿಸಿರಲಿಲ್ಲ.

ಅವ್ವ ಸಿಟ್ಟಾಗಲಿಲ್ಲ. ಮೆಲ್ಲಗೇ ಕೇಳಿದಳು. "ಔಷಧ ಕೊಡೋ ಮನಿ ಮಗಳು ದವಾಖಾನಿ ಮಂಚದ ಮ್ಯಾಲ ಮಲಗಿದ್ರ, ಮುಂದಿನ ಗುರುವಾರ ನಮ್ಮ ಅಂಗಳದಾಗ ಯಾರು ಬಂದು ನಿಂದರತಾರ?"

ನಾನು ಮರುದಿನದ ಕೆಂಡಕ್ಕೆ ಕಟ್ಟಿಗೆ ಒಟ್ಟಿದೆ.

ಮರುದಿನ ಗುರುವಾರ ಏಳೆಂಟು ಜನ ಬಂದಿದ್ದರು. ಅವ್ವ ಎಲ್ಲರಿಗಿಂತ ಮೊದಲು ತಂಗಿಯನ್ನು ಕೂಡ್ರಿಸಿದಳು, ಎಲ್ಲರೆದುರು. ಎಲೆಯ ರಸ ಕುಡಿಸಿದಳು. ತಂಗಿ ಅದನ್ನು ಕಕ್ಕಿದಳು. ಪಿತ್ತ ಹೊರಗೆ ಬಂತು ಎಂದು ಅವ್ವ ಮತ್ತೆ ಕುಡಿಸಿದಳು. ಅಂಗೈ ತಿಕ್ಕಿ ಸುಣ್ಣದ ನೀರು ಸುರಿದಾಗ ಹಿಂದೆಂದೂ ಕಾಣದಷ್ಟು ಹಳದಿ ಇಳಿಯಿತು. ಅಂಗಳದವರು ಕತ್ತು ಚಾಚಿ ನೋಡಿದರು. ಆಮೇಲೆ ಅವ್ವ ಕೈ ತೊಳೆದುಕೊಂಡು ಹಿಂದೆ ಸರಿದು ಕೂತು, ನನಗೆ ಕಡ್ಡಿ ತೆಗೆದುಕೊಳ್ಳಲು ಹೇಳಿದಳು.

ಹೆತ್ತ ಕೈ ಬರೆ ಹಾಕಬಾರದು. ಇದೂ ಅಜ್ಜಿಯ ಕಟ್ಟಳೆ. ನನಗೆ ಆ ದಿನದವರೆಗೆ ಗೊತ್ತಿರಲಿಲ್ಲ, ಏಕೆಂದರೆ ಆ ದಿನದವರೆಗೆ ನಮ್ಮಿಬ್ಬರಿಗೂ ಕಾಮಣಿ ಆಗಿರಲಿಲ್ಲ.

ನಾನು ಎಷ್ಟೋ ಸಲ ಕಡ್ಡಿ ಕಾಸಿದ್ದೆ, ಒಮ್ಮೆಯೂ ಒತ್ತಿರಲಿಲ್ಲ. ಬಂದಿದ್ದ ಇಬ್ಬರು ಹೆಂಗಸರು ತಂಗಿಯ ಹೆಗಲು ಹಿಡಿದರು. ಅವಳು ನನ್ನ ಮುಖವನ್ನೇ ನೋಡುತ್ತಿದ್ದಳು. "ಯಕ್ಕ, ಸಾವಕಾಶ" ಎಂದು ನಗಲು ನೋಡಿದಳು. ನಾನು ಒತ್ತಿದ ಕಡ್ಡಿ ಸರಿಯಾಗಿ ಕೂಡಲಿಲ್ಲ. ಅವ್ವ ಅಲ್ಲಿಂದಲೇ, ಅರ್ಧ ಬರೆ ಬರೆಯಲ್ಲ, ಇನ್ನೊಮ್ಮೆ ಒತ್ತು ಎಂದಳು. ನಾನು ಇನ್ನೊಮ್ಮೆ ಒತ್ತಿದೆ. ಆಗ ಅವಳು ಕೂಗಿದ್ದು ಮನುಷ್ಯರ ಕೂಗಿನಂತೆ ಇರಲಿಲ್ಲ. ಅಂಗಳದಲ್ಲಿದ್ದ ಒಬ್ಬ ಮುದುಕ, "ಮನಿ ಮಗಳಿಗೂ ಬಿಡಲಿಲ್ಲ ನೋಡ್ರಿ ಆಯಿ" ಎಂದು ಮೆಚ್ಚಿಕೊಂಡ.

ಬರೆ ಹಾಕಿದ ಜಾಗದಲ್ಲಿ ಗುಳ್ಳೆ ಎದ್ದು ನೀರು ತುಂಬಬೇಕು. ಎಲ್ಲರಿಗೂ ಹಾಗೇ ಆಗುತ್ತಿತ್ತು. ತಂಗಿಯ ಗುಳ್ಳೆಯಲ್ಲಿ ರಕ್ತ ತುಂಬಿತು, ನೇರಳೆ ಹಣ್ಣಿನ ಹಾಗೆ. ಸಂಜೆಗೆ ಅದು ಒಡೆದು ಜಿನುಗತೊಡಗಿತು. ಅವ್ವ ಒಲೆಯ ಬೂದಿ ಒತ್ತಿ ಬಟ್ಟೆ ಕಟ್ಟಿದಳು. ಬಟ್ಟೆ ತೊಯ್ದಿತು. ಬಿಚ್ಚಿ ಮತ್ತೆ ಬೂದಿ ಒತ್ತಿದಳು. ಶುಕ್ರವಾರ ಬೆಳಗ್ಗೆ ತಂಗಿ ಬಾಯಿ ಮುಕ್ಕಳಿಸಿ ಉಗುಳಿದಾಗ ನೀರು ಕೆಂಪಗಿತ್ತು. ವಸಡಿನಿಂದ ರಕ್ತ ಬರುತ್ತಿತ್ತು.

ಅಂದು ಅಳಿಯ ಬಂದ. ಪಂಚಮಿ ಮುಗಿಯಿತು, ಹೆಂಡತಿಯನ್ನು ಕರೆದೊಯ್ಯಬೇಕೆಂದು ಹೊಸ ಅಂಗಿ ಹಾಕಿಕೊಂಡು ಬಂದಿದ್ದ. ಅವಳ ಅವಸ್ಥೆ ನೋಡಿ ಹೊಸ್ತಿಲಲ್ಲೇ ನಿಂತುಬಿಟ್ಟ. ನನಗೆ ಧೈರ್ಯ ಬಂತು. ಗಂಡ ಒಯ್ಯುತ್ತೇನೆ ಎಂದರೆ ಅವ್ವ ತಡೆಯುವಂತಿರಲಿಲ್ಲ. ಹಿತ್ತಲಿಗೆ ಕರೆದು ಎಲ್ಲವನ್ನೂ ಹೇಳಿದೆ. ಗುಲಬರ್ಗಾಕ್ಕೆ ಒಯ್ಯಿರಿ, ನಾನೂ ಬರುತ್ತೇನೆ ಎಂದೆ. ಅವನು ತನ್ನ ಬಲಗೈಯ ಹಳೆಯ ಬರೆಯ ಮೇಲೆ ಹೆಬ್ಬೆರಳು ಆಡಿಸುತ್ತ ನಿಂತಿದ್ದ.

"ನಾ ಜೀವಂತ ಇರೋದ ಅತ್ತಿಯವರ ಕೈಗುಣದಿಂದರಿ. ಸೂಜಿ ಚುಚ್ಚಿಸಿ ಔಷಧ ಕೆಡಿಸಿದ್ರ, ನಾಳೆ ಏನಾರ ಆದ್ರ, ಆ ಪಾಪ ನನಗ ಬ್ಯಾಡ್ರಿ."

ಒಳ್ಳೆಯವನು. ಅವಳ ಪಾದ ತಿಕ್ಕುತ್ತ ಕೂತ. ಒಂಬತ್ತು ದಿನದ ಪಥ್ಯ ಮುಗಿಯಲಿ, ಆಮೇಲೆ ಬಂದು ಕರೆದೊಯ್ಯುತ್ತೇನೆ ಎಂದು ಹೇಳಿ ಸಂಜೆಯ ಬಸ್ಸಿಗೆ ಹೊರಟುಹೋದ. ಅವ್ವ ಅವನ ಕೈಗೆ ಶೇಂಗಾ ಉಂಡಿಯ ಡಬ್ಬಿ ಕೊಟ್ಟು ಕಳಿಸಿದಳು.

ಶನಿವಾರ ಬೆಳಗ್ಗೆ ತಂಗಿ ನನ್ನನ್ನು ಗುರುತಿಸದೆ, ಅತ್ತೆಯ ಜೊತೆ ಮಾತಾಡುವ ಹಾಗೆ ಬಹುವಚನದಲ್ಲಿ ಮಾತಾಡಿದಳು. ರೊಟ್ಟಿ ಬಡಿಯಲು ತಡವಾಯಿತು, ಸಿಟ್ಟಾಗಬೇಡಿರಿ ಎಂದಳು. ಬಾಯಿಂದ ಒಂದು ಥರದ ವಾಸನೆ ಬರುತ್ತಿತ್ತು. ಅವ್ವ ಸ್ನಾನಕ್ಕೆ ಹೋಗಿದ್ದಳು. ನಾನು ತಂಗಿಯನ್ನು ಎತ್ತಿಕೊಂಡು ಹೊರಗೆ ಬಂದು ಹಾಲಿನ ಕ್ಯಾನು ಒಯ್ಯುವ ಜೀಪಿನಲ್ಲಿ ಮಲಗಿಸಿದೆ. ಒದ್ದೆ ಸೀರೆಯಲ್ಲೇ ಅವ್ವ ಬಾಗಿಲಿಗೆ ಬಂದಳು. ಬೈಯಲಿಲ್ಲ, ಅಳಲಿಲ್ಲ.

"ಒಯ್ಯಿ. ಸೂಜಿ ಚುಚ್ಚಿಸಿದ್ರ ಆಕಿ ಸಾಯತಾಳ. ಆಕಿನ್ನ ಕೊಂದಾಕಿ ನೀನು ಅಂತ ನಾಕ ಮಂದಿ ಮುಂದ ಹೇಳತೀನಿ."

ಜೀಪಿನವನು ಕೇಳಿಸಿಕೊಂಡ. ಸಂಜೆಯೊಳಗೆ ಊರಿಗೆಲ್ಲ ಕೇಳಿಸಿತು.

ಗುಲಬರ್ಗಾದ ದವಾಖಾನೆಯಲ್ಲಿ ವಯಸ್ಸಾದ ಒಬ್ಬ ಡಾಕ್ಟರು ನೋಡಿದರು. ಹೊಟ್ಟೆಯ ಬಲಭಾಗ ಮುಟ್ಟಿದೊಡನೆ ತಂಗಿ ಚೀರಿದಳು. ಅವರು ತೋಳಿಗೆ ಪಟ್ಟಿ ಕಟ್ಟಿ ಗಾಳಿ ತುಂಬಿ ಸ್ವಲ್ಪ ಹೊತ್ತು ಬಿಟ್ಟರು. ಬಿಚ್ಚಿದಾಗ ಪಟ್ಟಿಯ ಕೆಳಗಿನ ಚರ್ಮದ ಮೇಲೆಲ್ಲ ಸಾಸಿವೆ ಚೆಲ್ಲಿದ ಹಾಗೆ ಕೆಂಪು ಚುಕ್ಕೆ. ಎಷ್ಟು ದಿನದ ಜ್ವರ, ಯಾವ ಗುಳಿಗೆ, ದಿನಕ್ಕೆ ಎಷ್ಟು ಎಂದು ಕೇಳಿದರು. ನಾನು ಹೇಳಿದೆ. ಪೆನ್ನು ಒಮ್ಮೆ ನಿಂತು ಮತ್ತೆ ಬರೆಯಿತು. ಬರೆಯ ಬಟ್ಟೆ ಬಿಚ್ಚಿ ನೋಡಿದರು. ಯಾರು ಹಾಕಿದ್ದು ಎಂದು ಮಾತ್ರ ಕೇಳಲಿಲ್ಲ. ಕೇಳಿದ್ದರೆ ಹೇಳುತ್ತಿದ್ದೆನೋ ಇಲ್ಲವೋ.

ಡೆಂಗ್ಯೂ ಎಂಬ ಶಬ್ದವನ್ನು ನಾನು ಮೊದಲು ಕೇಳಿದ್ದು ಆಗ. ಸೊಳ್ಳೆಯಿಂದ ಬರುವ ಜ್ವರ, ಹೆಚ್ಚಿನವರು ತಾವಾಗಿಯೇ ಏಳುತ್ತಾರೆ, ಕೆಲವರಲ್ಲಿ ಯಕೃತ್ತನ್ನು ಹಿಡಿಯುತ್ತದೆ ಎಂದರು. ಯಕೃತ್ತಿನ ಚಿತ್ರವನ್ನು ನಾನು ಶಾಲೆಯ ಪುಸ್ತಕದಲ್ಲಿ ಬಿಡಿಸಿ ಬಣ್ಣ ಹಚ್ಚಿದ್ದೆ. ರಕ್ತ ಹೆಪ್ಪುಗಟ್ಟಲು ಬೇಕಾದ ಸರಕನ್ನು ತಯಾರಿಸುವುದು ಅದೇ ಎಂದು ನನಗೆ ನೆನಪಿರಲಿಲ್ಲ. ತಂಗಿಯ ಯಕೃತ್ತು ಬಾತು, ಆ ಕೆಲಸ ನಿಲ್ಲಿಸಿತ್ತು. ರಕ್ತವನ್ನು ತಡೆಯುವ ಕಣಗಳನ್ನು ಜ್ವರ ಮೊದಲೇ ಕಡಿಮೆ ಮಾಡಿತ್ತು. ನಾನು ಕೊಟ್ಟ ಗುಳಿಗೆಗಳೆಲ್ಲ ಅದೇ ಬಾತ ಯಕೃತ್ತಿನ ಮೇಲೆ ಬಿದ್ದಿದ್ದವು. ನೋವಿನ ಗುಳಿಗೆ ರಕ್ತವನ್ನು ಇನ್ನಷ್ಟು ಸಡಿಲ ಮಾಡಿತ್ತು. ಹೊಲಸನ್ನು ಸೋಸುವುದೂ ನಿಂತಿದ್ದರಿಂದ ಅದು ಮೆದುಳಿಗೆ ಏರಿ ಅವಳು ಬಡಬಡಿಸುತ್ತಿದ್ದಳು. ಜ್ವರ ಬಿಟ್ಟ ದಿನವೇ ತರಬೇಕಿತ್ತು ಎಂದರು. ಜ್ವರ ಬಿಟ್ಟ ದಿನ ನಾವು ಅವಳಿಗೆ ಹೆರಳು ಹಾಕಿದ್ದೆವು.

ಇದು ಕಾಮಣಿ ಅಲ್ಲವೇ ಎಂದು ನಾನು ಕೇಳಿದೆ. ಅವರು ಬಹಳ ದಣಿದಿದ್ದರು. ಆದರೂ ನಿಂತು ಹೇಳಿದರು.

"ಕಾಮಣಿ ಅನ್ನೋದು ಬ್ಯಾನಿ ಅಲ್ಲಮ್ಮ. ಲಿವರ್ ಸೋತದ ಅನ್ನೋದಕ್ಕ ಗುರುತು. ಯಾತಕ್ಕ ಸೋತದ ಅಂತ ನೋಡಬೇಕು. ಸಾದಾ ಕಾಮಣಿ ಆದವರು ನೂರಕ್ಕ ತೊಂಬತ್ತು ಮಂದಿ ಔಷಧ ಕೊಟ್ರೂ ಏಳತಾರ, ಕೊಡದಿದ್ರೂ ಏಳತಾರ."

ನಮ್ಮ ಅಂಗಳದಲ್ಲಿ ಇಷ್ಟು ವರ್ಷ ನಿಂತವರ ಮುಖಗಳು ಒಂದೊಂದಾಗಿ ನನ್ನ ಕಣ್ಣ ಮುಂದೆ ಬಂದವು. ಅಳಿಯನ ಮುಖವೂ ಬಂತು. ಎಲ್ಲರೂ ತಾವಾಗಿಯೇ ಎದ್ದವರು. ಅವ್ವನ ಹೆಸರನ್ನು ಕಟ್ಟಿದ್ದು ಅವರ ಗಟ್ಟಿ ಯಕೃತ್ತುಗಳು.

ಡಾಕ್ಟರು ಸೂಜಿ ಚುಚ್ಚಿ ಸಲೈನು ಕೊಟ್ಟರು, ರಕ್ತ ಹಾಕಿದರು. ಚುಚ್ಚಿದ ಕಡೆಯೆಲ್ಲ ಅಂಗೈಯಷ್ಟಗಲ ಕಪ್ಪು ಹರಡುತ್ತಿತ್ತು. ಒಂದು ಕೈ ಆಗದೆ ಇನ್ನೊಂದು ಕೈ, ಅದೂ ಆಗದೆ ಕಾಲು. ಭಾನುವಾರ ಅವಳು ಕಂದು ಬಣ್ಣದ ವಾಂತಿ ಮಾಡಿದಳು. ನರ್ಸು ಸೂಜಿ ಹಿಡಿದು ಹತ್ತಿರ ಬಂದಾಗಲೆಲ್ಲ ಕೈ ಎಳೆದುಕೊಂಡು ನನ್ನ ಕಡೆ ತಿರುಗುತ್ತಿದ್ದಳು. ನರ್ಸಿನ ಕೈಯಲ್ಲಿರುವುದು ಸೂಜಿಯೆಂದು ಅವಳಿಗೆ ತಿಳಿಯುತ್ತಿರಲಿಲ್ಲ. ಅವಳಿಗೆ ಕಡ್ಡಿ ಕಾಣುತ್ತಿತ್ತು, ಅದನ್ನು ಹಿಡಿದವಳು ನಾನು.

"ಇನ್ನೊಮ್ಮಿ ಬ್ಯಾಡ ಯಕ್ಕ" ಎಂದಳು. ನನಗೆ ಕೇಳಿಸಿದ ಅವಳ ಕೊನೆಯ ಮಾತು ಅದು. ಸೋಮವಾರ ಬೆಳಗ್ಗೆ ಹೋದಳು. ಇಪ್ಪತ್ತು ತುಂಬಿರಲಿಲ್ಲ.

ಗಂಡನ ಊರಲ್ಲೇ ಮಣ್ಣಾಗಬೇಕೆಂದು ಅವಳನ್ನು ಇಜೇರಿಗೆ ಒಯ್ದೆವು. ಸುದ್ದಿ ಮುಟ್ಟಿ ಅವ್ವ ನಮಗಿಂತ ಮೊದಲೇ ಬಂದು ಕೂತಿದ್ದಳು. ಮೈ ತೊಳೆಯುವಾಗ ಹೆಂಗಸರು ತಂಗಿಯ ಕೈಕಾಲು ನೋಡಿ ಹೌಹಾರಿದರು. ಕಪ್ಪು, ನೀಲಿ, ಎಲ್ಲಿ ಮುಟ್ಟಿದರಲ್ಲಿ ಬಾವು. ಅವ್ವ ಒಂದೊಂದನ್ನೂ ಬೆರಳಿಟ್ಟು ತೋರಿಸಿದಳು. "ಇದು ಸೂಜಿ. ಇಲ್ಲಿ ನೋಡ್ರಿ, ಇದೂ ಸೂಜಿ. ನನ್ನ ಔಷಧ ಒಳಗಿತ್ತು, ಅದನ್ನ ವಿಷ ಮಾಡಿ ಕೊಟ್ಟರು." ಬಲಗೈಯ ಮೇಲಿನ ಬರೆ ಆ ಕಪ್ಪಿನ ನಡುವೆ ಎಲ್ಲಿಯೋ ಮುಚ್ಚಿಹೋಗಿತ್ತು. ಅವ್ವ ಅದರ ಮೇಲೆ ದಪ್ಪಗೆ ವಿಭೂತಿ ಬಳಿದಳು. ನಾನು ಬಾಗಿಲಲ್ಲಿ ನಿಂತಿದ್ದೆ. ಯಾರೂ ನನ್ನನ್ನು ಒಳಗೆ ಕರೆಯಲಿಲ್ಲ. ಅಳಿಯ ನನ್ನ ಮುಖ ನೋಡಲಿಲ್ಲ. ತಂಗಿಯನ್ನು ಪದ್ಧತಿಯಂತೆ ಕುಳ್ಳಿರಿಸಿ, ಅಂಗೈಯಲ್ಲಿ ಲಿಂಗವಿಟ್ಟು ಮಣ್ಣು ಮಾಡಿದರು. ಹಿಡಿಮಣ್ಣು ಹಾಕಲು ಹೋದಾಗ ಅವಳ ಅತ್ತೆ ನನ್ನ ಕೈ ಹಿಡಿದು ಪಕ್ಕಕ್ಕೆ ಸರಿಸಿದಳು.

ನಮ್ಮಲ್ಲಿ ಸೂತಕವಿಲ್ಲ. ಸಾವಿಗೆ ಮೈಲಿಗೆಯಿಲ್ಲ ಎಂದು ನಮ್ಮ ಹಿರಿಯರು ಹೇಳಿದ್ದು ಮನುಷ್ಯರ ಮೇಲಿನ ದಯೆಯಿಂದ. ಆ ದಯೆಯಿಂದಾಗಿ, ಮಗಳನ್ನು ಮಣ್ಣು ಮಾಡಿ ಮೂರನೆಯ ದಿನಕ್ಕೆ ಬಂದ ಗುರುವಾರ ಅವ್ವ ಎಂದಿನಂತೆ ಕಂಬಕ್ಕೆ ಬೆನ್ನು ಕೊಟ್ಟು ಕೂತಳು. ಮಾತಾಡಿಸಲು ಬಂದವರೂ ಔಷಧಕ್ಕೆ ಬಂದವರೂ ಅಂಗಳದಲ್ಲಿ ಒಟ್ಟಿಗೇ ನಿಂತಿದ್ದರು. ಅಂದು ಕೆಂಡ ಮಾಡಲು ನನ್ನನ್ನು ಕರೆಯಲಿಲ್ಲ. ಪ್ರತಿಯೊಬ್ಬರಿಗೂ ಅವ್ವ ಕಥೆ ಹೇಳಿದಳು. ಸ್ವಂತ ಮಗಳಿಗೆ ಹೀಗಾಯಿತು, ಸೂಜಿಯ ಹತ್ತಿರ ಹೋಗಬೇಡಿರಿ ಎಂದಳು. ಸತ್ತ ಮಗಳು ಅವಳ ಔಷಧಕ್ಕೆ ಸಾಕ್ಷಿಯಾದಳು. ಮುಂದಿನ ವಾರಗಳಲ್ಲಿ ಜನ ಹೆಚ್ಚಾದರೇ ಹೊರತು ಕಡಿಮೆಯಾಗಲಿಲ್ಲ. ನನಗೆ ಊರಲ್ಲಿ ಹೊಸ ಹೆಸರು ಬಂತು. ಸೂಜಿ ಚುಚ್ಚಿಸಿದಾಕಿ. ಅಂಗನವಾಡಿಗೆ ಮಕ್ಕಳನ್ನು ಕಳಿಸುವಾಗ, ಆಕೆ ಕೊಟ್ಟ ಗುಳಿಗೆ ನುಂಗಬೇಡ ಎಂದು ಹೇಳಿ ಕಳಿಸುತ್ತಿದ್ದರು. ಆ ಮಾತು ನನಗೆ ಅನ್ಯಾಯವೆನಿಸಲಿಲ್ಲ.

ರಕ್ತ ಪರೀಕ್ಷೆಗೆ ದೂರದ ಊರಿಗೆ ಹೋಗಿತ್ತು. ಒಂದೂವರೆ ತಿಂಗಳ ಮೇಲೆ ಕಾಗದ ಬಂತು. ಡೆಂಗ್ಯೂ ಎಂದು ಅದರಲ್ಲಿ ಬರೆದಿತ್ತು. ಆ ದಿನಗಳಲ್ಲಿಯೇ ಆರೋಗ್ಯ ಇಲಾಖೆಯವರು ಊರಿಗೆ ಬಂದು ಮನೆಮನೆಯ ನೀರಿಗೆ ಬ್ಯಾಟರಿ ಬಿಟ್ಟು ನೋಡಿದರು. ಗಟಾರವನ್ನು ಅವರು ನೋಡಲೇ ಇಲ್ಲ. ಈ ಸೊಳ್ಳೆ ತಿಳಿನೀರಿನ ಅಂಚಿನಲ್ಲಿ, ಪಾತ್ರೆಯ ಒಳಮೈಗೆ ಮೊಟ್ಟೆ ಅಂಟಿಸುತ್ತದೆ, ನೀರು ಬದಲಿಸಿದರೂ ಉಜ್ಜದಿದ್ದರೆ ಹೋಗುವುದಿಲ್ಲ ಎಂದು ಹೇಳಿದರು. ನಮ್ಮ ಒಳಕೋಣೆಯ ಹರವಿಯಲ್ಲಿ ಹುಳ ಕುಣಿಯುತ್ತಿದ್ದವು. ಊರಿನ ಬೇರೆ ಮನೆಗಳಲ್ಲೂ ಇದ್ದವು. ಯಾವ ಮನೆಯ ಸೊಳ್ಳೆ ಎಂದು ಯಾರೂ ಹೇಳಲಾರರು. ಅವರು ಹರವಿ ಖಾಲಿ ಮಾಡಲು ಹೇಳಿದಾಗ ಅವ್ವ ಅಡ್ಡ ನಿಂತಳು. ಅಮಾವಾಸ್ಯೆಗೆ ಇನ್ನೂ ಆರು ದಿನವಿತ್ತು. ನಾನು ಅವರೆದುರೇ ಅದಕ್ಕೆ ಕಲ್ಲು ಹಾಕಿ ಒಡೆದೆ. ನೀರು ತಂಗಿ ಮಲಗುತ್ತಿದ್ದ ಜಾಗಕ್ಕೇ ಹರಿದು ನಿಂತಿತು. ಮುಂದಿನ ಅಮಾವಾಸ್ಯೆಗೆ ಅವ್ವ ಹೊಸ ಹರವಿ ತರಿಸಿ ಅಲ್ಲಿಯೇ ಹೂಳಿಸಿದಳು.

ಒಂದು ದಿನ ಅವ್ವ ಇಲ್ಲದಾಗ ನಾನು ತೊಗಟೆಯ ರಸವನ್ನು ನನ್ನ ಅಂಗೈಗಳಿಗೆ ತಿಕ್ಕಿಕೊಂಡು ಸುಣ್ಣದ ತಿಳಿನೀರು ಸುರಿದುಕೊಂಡೆ. ನನ್ನ ಮೈಯಲ್ಲಿ ಯಾವ ರೋಗವೂ ಇರಲಿಲ್ಲ. ನೀರು ಹಳದಿಯಾಗಿ ಇಳಿಯಿತು. ಮೂರು ಸಲ ಮಾಡಿದೆ, ಮೂರು ಸಲವೂ ಹಳದಿ. ತಾಟನ್ನು ಹಾಗೇ ಇಟ್ಟು, ಅವ್ವ ಬಂದ ಮೇಲೆ ತೋರಿಸಿದೆ. ಅವಳು ಬಗ್ಗಿ ನೋಡಿದಳು.

"ನಿನಗೂ ಕಾಮಣಿ ಅದ. ಗುರುವಾರ ಬಂದು ಕುಂದರು" ಎಂದಳು.

ಅವಳಿಗೆ ಮೊದಲಿನಿಂದ ಗೊತ್ತಿತ್ತೋ ಏನೋ. ಅವಳ ಮುಖದಲ್ಲಿ ನನಗೆ ಅದು ಕಾಣಲಿಲ್ಲ.

ಆಮೇಲೂ ನಾವಿಬ್ಬರೂ ಒಂದೇ ಮನೆಯಲ್ಲಿ ನಾಲ್ಕು ವರ್ಷ ಬದುಕಿದೆವು. ನಾನು ರೊಟ್ಟಿ ಬಡಿಯುತ್ತಿದ್ದೆ, ಅವಳು ಉಣ್ಣುತ್ತಿದ್ದಳು. ತಂಗಿಯ ಹೆಸರನ್ನು ಇಬ್ಬರೂ ಎತ್ತುತ್ತಿರಲಿಲ್ಲ. ಗುರುವಾರಗಳಲ್ಲಿ ಮಾತ್ರ ಅಂಗಳದಿಂದ ಆ ಕಥೆ ನನಗೆ ಕೇಳಿಸುತ್ತಿತ್ತು. ಹೇಳಿ ಹೇಳಿ ಅದು ನಯವಾಗಿತ್ತು. ಅದರಲ್ಲಿ ಈಗ ತಂಗಿ ಜೀಪು ಹತ್ತುವಾಗ ಎದ್ದು ನಡೆಯುತ್ತಿದ್ದಳು, ಅವಳ ಕಣ್ಣು ಬೆಳ್ಳಗಾಗಿದ್ದವು.

ನಾಲ್ಕನೆಯ ವರ್ಷ ಅವ್ವ ಬಚ್ಚಲಲ್ಲಿ ಜಾರಿ ಸೊಂಟ ಮುರಿದುಕೊಂಡಳು. ಮತ್ತೆ ಏಳಲಿಲ್ಲ. ಅವಳ ಸೂಜಿಯ ಕಟ್ಟಳೆಯಿಂದಾಗಿ ದವಾಖಾನೆಗೂ ಬರಲಿಲ್ಲ. ಔಷಧವನ್ನು ಯಾರ ಕೈಗೂ ಒಪ್ಪಿಸಲಿಲ್ಲ. ಬಂದವರಿಗೆ ನಾನು ಗುಲಬರ್ಗಾಕ್ಕೆ ಹೋಗಿ ಎನ್ನುತ್ತಿದ್ದೆ. ಅವರು ಅಫಜಲಪುರದ ಹಾದಿಯಲ್ಲಿ ಇನ್ನಾರದೋ ಮನೆ ಕೇಳಿಕೊಂಡು ಹೋಗುತ್ತಿದ್ದರು. ಕ್ರಮೇಣ ಅಂಗಳ ಖಾಲಿಯಾಯಿತು. ನಾನು ಅವ್ವನ ಮೈ ಒರೆಸುತ್ತಿದ್ದೆ, ಹಾಸಿಗೆ ಬದಲಿಸುತ್ತಿದ್ದೆ, ಬೆನ್ನಿನ ಹುಣ್ಣಿಗೆ ಎಣ್ಣೆ ಹಚ್ಚುತ್ತಿದ್ದೆ. ಪ್ರೀತಿಯಿಂದ ಎಂದು ಹೇಳಲಾರೆ.

ಒಂದು ಗುರುವಾರ ಬೆಳಗ್ಗೆ ಅವಳು ಖಾಲಿ ಅಂಗಳವನ್ನು ಬಹಳ ಹೊತ್ತು ನೋಡಿದಳು. ಆಮೇಲೆ ನನ್ನನ್ನು ಕರೆದು ಹತ್ತಿರ ಕೂಡಲು ಹೇಳಿದಳು.

"ಒಂದ ಮಾತು ಕೇಳತೀನಿ, ಖರೇ ಹೇಳು. ಆಕಿಗಿ ರಕ್ತ ಶುರು ಆಗಿದ್ದು ಸೂಜಿ ಚುಚ್ಚಿದ ಮ್ಯಾಲ. ಹೌದಿಲ್ಲೋ?"

ಅವಳು ಕೇಳುತ್ತಿದ್ದುದು ತನಗೆ ಗೊತ್ತಿಲ್ಲದ್ದನ್ನಲ್ಲ. ತೊಯ್ದ ಬಟ್ಟೆ ಬಿಚ್ಚಿ ಬೂದಿ ಒತ್ತಿದವಳು ಅವಳೇ. ಆ ಸಂಜೆ ಮೊದಲ ರಕ್ತ ಕಂಡಿದ್ದವರು ನಾವಿಬ್ಬರೇ. ಅವಳಿಗೆ ಬೇಕಾಗಿದ್ದುದು ನನ್ನ ಬಾಯಿಂದ ಒಂದು ಹೌದು. ಅದನ್ನು ಕೊಟ್ಟಿದ್ದರೆ ಮುದುಕಿ ಸಮಾಧಾನದಿಂದ ಕಣ್ಣು ಮುಚ್ಚುತ್ತಿದ್ದಳು. ಅದರಿಂದ ಯಾರಿಗೂ ನಷ್ಟವಿರಲಿಲ್ಲ. ಸಾಯುವವಳಿಗೆ ಒಂದು ಸುಳ್ಳು ಹೇಳುವುದು ಎಷ್ಟು ಸುಲಭವೆಂದು ನನಗೆ ಗೊತ್ತಿತ್ತು.

"ಇಲ್ಲ ಬೇ ಅವ್ವ" ಎಂದೆ. "ಬರಿ ಹಾಕಿದ ದಿನಾನ ಶುರು ಆತು. ನೀನ ಬೂದಿ ಒತ್ತಿದಿ."

ಅವಳು ನನ್ನ ಮುಖ ನೋಡಲಿಲ್ಲ. ಹಾಸಿಗೆಯ ಮೇಲಿದ್ದ ನನ್ನ ಬಲಗೈಯನ್ನು ನೋಡಿದಳು.

"ಬರಿ ಹಾಕಿದಾಕಿ ನೀನು. ನನ್ನ ಕೈ ಮುಟ್ಟಿಲ್ಲ."

ಆಮೇಲೆ ನೀರು ಕೇಳಿದಳು. ನಾನು ಅವಳನ್ನು ಎಬ್ಬಿಸಿ ಎದೆಗೊರಗಿಸಿಕೊಂಡು, ಅದೇ ಕೈಯಿಂದ ಕುಡಿಸಿದೆ.